ಪಹಣಿಯ 9ನೇ ಕಾಲಂನಲ್ಲಿ ಯಾರ ಹೆಸರಿದೆ?

ಪ್ರಶ್ನೆ: ನಾನು ಮದ್ದೂರು ತಾಲ್ಲೂಕಿನ ಒಂದು ಹಳ್ಳಿಯವಳು. ಮೈಸೂರಿನಲ್ಲಿ ಎಂ.ಎ. ಅರ್ಥಶಾಸ್ತ್ರ ಎರಡನೇ ವರ್ಷ ಓದುತ್ತಿದ್ದೇನೆ. ನಾಲೆ ನೀರು, ಬೆಳೆ ಪರಿಹಾರ, ಸಾಲ, ಸಬ್ಸಿಡಿ ಇವೆಲ್ಲ ನಮ್ಮ ಕಡೆ ಯಾವ ಜಾತಿಯವರಿಗೆ ಎಷ್ಟು ತಲುಪುತ್ತೆ, ಹೆಂಗಸರಿಗೆ ಎಷ್ಟು ತಲುಪುತ್ತೆ ಎಂದು ಕಿರುಪ್ರಬಂಧ ಬರೆಯುವ ಆಸೆ ನನಗಿದೆ. ಗೆಳತಿಯರು "ಇದು ಸಮಾಜಶಾಸ್ತ್ರ ಕಣೇ, ಅರ್ಥಶಾಸ್ತ್ರ ಅಲ್ಲ" ಅನ್ನುತ್ತಾರೆ. ಅಣ್ಣ "ನಾಲೆ ನೀರಿಗೆ ಜಾತಿ ಇದೆಯಾ? ಸುಮ್ನೆ ಊರಲ್ಲಿ ಜಗಳ ಹಚ್ಚಬೇಡ" ಅನ್ನುತ್ತಾನೆ. ನಾನು ದಲಿತ ಕುಟುಂಬದವಳು. ನಾನು ಬರೆದರೆ ಪಕ್ಷಪಾತ ಅಂದುಬಿಡುತ್ತಾರಾ? ಇದನ್ನು ಓದಿದರೆ ಮುಂದೆ ಕೆಲಸ ಸಿಗುತ್ತಾ?

ಉತ್ತರ: ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಅದರಲ್ಲಿ ನಾಲ್ಕು ಆತಂಕಗಳಿವೆ. ಇದು ಅರ್ಥಶಾಸ್ತ್ರವೇ? ನೀರಿಗೆ, ದುಡ್ಡಿಗೆ ಜಾತಿ ಇರುತ್ತಾ? ನನ್ನ ಮಾತನ್ನು ನಂಬುತ್ತಾರಾ? ಹೊಟ್ಟೆಪಾಡು ನಡೆಯುತ್ತಾ? ನಾಲ್ಕೂ ನ್ಯಾಯವಾದ ಪ್ರಶ್ನೆಗಳೇ. ಎಷ್ಟೋ ವರ್ಷಗಳಿಂದ ವಿದ್ಯಾರ್ಥಿಗಳನ್ನು ಕರೆದುಕೊಂಡು ಮಂಡ್ಯ, ಮೈಸೂರು ಕಡೆಯ ಹಳ್ಳಿಗಳಲ್ಲಿ ಸರ್ವೆ ಮಾಡಿದ್ದೇನೆ. ಅಲ್ಲಿ ಕಂಡಿದ್ದನ್ನೇ ಇಟ್ಟುಕೊಂಡು ಹೇಳುತ್ತೇನೆ.

ಗೆಳತಿಯರ ಮಾತಿಗೆ ಉತ್ತರ ನೀವು ಓದುತ್ತಿರುವ ಊರಿನಲ್ಲೇ ಇದೆ. 1918ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರು ಮಿಲ್ಲರ್ ಸಮಿತಿ ನೇಮಿಸಿದರು. ಸರ್ಕಾರಿ ನೌಕರಿಗಳು ಹೆಚ್ಚಾಗಿ ಒಂದೇ ಸಮುದಾಯದ ಕೈಲಿವೆ, ಉಳಿದವರಿಗೆ ದಾರಿ ಹೇಗೆ ಮಾಡೋದು ಅನ್ನುವುದು ಅದರ ಮುಂದಿದ್ದ ಪ್ರಶ್ನೆ. ನೌಕರಿ ಅಂದರೆ ಸಂಬಳ. ಸಂಬಳ ಅಂದರೆ ಜಮೀನು, ಮಕ್ಕಳ ಓದು, ಮುಂದಿನ ತಲೆಮಾರು. ದಿವಾನರಾಗಿದ್ದ ವಿಶ್ವೇಶ್ವರಯ್ಯನವರಿಗೆ ಅರ್ಹತೆ, ದಕ್ಷತೆ ಕುಗ್ಗುತ್ತದೆ ಎಂಬ ಚಿಂತೆ ಇತ್ತು. ಆ ಭಿನ್ನಾಭಿಪ್ರಾಯದ ಹೊತ್ತಲ್ಲೇ ಅವರು ದಿವಾನಗಿರಿ ಬಿಟ್ಟರು. ದಕ್ಷತೆ ಮುಖ್ಯವೋ, ಪಾಲು ಮುಖ್ಯವೋ ಎಂಬ ಈ ವಾದ ಇವತ್ತಿಗೂ ಅರ್ಥಶಾಸ್ತ್ರದ ನಡುಮನೆಯಲ್ಲೇ ಕೂತಿದೆ. ಅಂಬೇಡ್ಕರ್ ಅವರು ಕೊಲಂಬಿಯಾದಲ್ಲಿ, ಲಂಡನ್‌ನಲ್ಲಿ ಓದಿದ್ದೇ ಅರ್ಥಶಾಸ್ತ್ರ. ಜಾತಿ ಅನ್ನುವುದು ಬರೀ ಕೆಲಸದ ಹಂಚಿಕೆ ಅಲ್ಲ, ಕೆಲಸಗಾರರನ್ನೇ ಹಂಚುವ ಪದ್ಧತಿ ಎಂದು 1936ರಲ್ಲಿ ಅವರು ಹೇಳಿದ್ದು ಕಾರ್ಮಿಕ ಮಾರುಕಟ್ಟೆಯ ಬಗ್ಗೆ. ಹಾಗಾಗಿ ನಿಮ್ಮ ವಿಷಯಕ್ಕೆ ಅನುಮತಿ ಕೇಳುವ ಅಗತ್ಯವೇ ಇಲ್ಲ.

ಈಗ ಅಣ್ಣನ ಮಾತಿಗೆ ಬರೋಣ. ಇಲ್ಲಿ ಸ್ವಲ್ಪ ಹೊತ್ತು ನಿಲ್ಲಬೇಕು.

ನಾಲೆ ನೀರಿಗೆ ಜಾತಿ ಇಲ್ಲ, ಅಣ್ಣ ಹೇಳಿದ್ದು ಸರಿ. ಆದರೆ ನೀರು ಹರಿದು ಹೋಗಿ ನಿಲ್ಲುವುದು ಗದ್ದೆಯಲ್ಲಿ. ಗದ್ದೆಗೆ ಪಹಣಿ ಇರುತ್ತೆ. ಪಹಣಿಯ 9ನೇ ಕಾಲಂನಲ್ಲಿ, ಅಂದರೆ ಮಾಲೀಕರ ಕಾಲಂನಲ್ಲಿ, ಒಂದು ಹೆಸರು ಇರುತ್ತೆ. ಆ ಹೆಸರಿಗೆ ಜಾತಿ ಇದೆ, ಲಿಂಗ ಇದೆ, ಹಿಂದಿನ ನೂರು ವರ್ಷದ ಕತೆಯೂ ಇದೆ. ಕನ್ನಂಬಾಡಿ ಕಟ್ಟೆಯ ಕೆಲಸ 1911ರಲ್ಲಿ ಶುರುವಾಯಿತು. ಆಮೇಲೆ ವಿ.ಸಿ. ನಾಲೆ, ಅಂದರೆ ವಿಶ್ವೇಶ್ವರಯ್ಯ ನಾಲೆ, ಬಂತು. 1933ರಲ್ಲಿ ಮಂಡ್ಯದ ಸಕ್ಕರೆ ಕಾರ್ಖಾನೆ, 1939ರಲ್ಲಿ ಮಂಡ್ಯ ಜಿಲ್ಲೆ. ರಾಗಿ ಬೆಳೆಯುತ್ತಿದ್ದ ಹೊಲ ಭತ್ತದ ಗದ್ದೆ ಆಯಿತು, ಕಬ್ಬಿನ ತೋಟ ಆಯಿತು. ನೀರು ಬರುವ ಹೊತ್ತಿಗೆ ಯಾರ ಹೆಸರಲ್ಲಿ ಜಮೀನು ಇತ್ತೋ ಅವರ ಆಸ್ತಿಯ ಬೆಲೆ ಏರಿತು. ಹೆಸರಿಲ್ಲದವರಿಗೆ ಕೂಲಿ ದಿನಗಳು ಜಾಸ್ತಿ ಆದವು. ಅದೂ ಲಾಭವೇ, ಇಲ್ಲ ಅನ್ನುವುದಿಲ್ಲ. ಆದರೆ ಕೂಲಿ ಸಂಜೆಗೆ ಮುಗಿಯುತ್ತೆ. ಜಮೀನು ಮೊಮ್ಮಗನಿಗೆ ಹೋಗುತ್ತೆ.

ಇದನ್ನು ನಮ್ಮ ಜಿಲ್ಲೆಯಲ್ಲೇ ಕೂತು ಕಣ್ಣಾರೆ ನೋಡಿ ಬರೆದವರಿದ್ದಾರೆ. ಸ್ಕಾರ್ಲೆಟ್ ಎಪ್‌ಸ್ಟೀನ್ ಎಂಬ ವಿದ್ವಾಂಸೆ 1950ರ ದಶಕದ ನಡುವೆ ಮಂಡ್ಯದ ಹತ್ತಿರ ಎರಡು ಹಳ್ಳಿಗಳಲ್ಲಿ ಅಧ್ಯಯನ ಮಾಡಿದರು. ಊರುಗಳ ನಿಜ ಹೆಸರು ಮರೆಮಾಡಿ ಒಂದನ್ನು ವಂಗಲ, ಇನ್ನೊಂದನ್ನು ದಲೇನ ಎಂದು ಕರೆದರು. ವಂಗಲಕ್ಕೆ ನಾಲೆ ನೀರು ಬಂದಿತ್ತು. ದಲೇನ ಎತ್ತರದಲ್ಲಿತ್ತು, ಸುತ್ತ ನೀರಾವರಿ ಬಂದರೂ ಅದು ಒಣ ಊರಾಗಿಯೇ ಉಳಿಯಿತು. ನೀರು ಬಂದ ಊರಲ್ಲಿ ಎಲ್ಲ ಬದಲಾಗಿರಬೇಕು ಅಂತ ನಾವು ಅಂದುಕೊಳ್ಳುತ್ತೇವೆ, ಅಲ್ವಾ? ಆದದ್ದು ಬೇರೆ. ವಂಗಲದಲ್ಲಿ ದುಡ್ಡು ಹೆಚ್ಚಿತು. ಆದರೆ ಬದುಕು ಬೇಸಾಯದ ಸುತ್ತಲೇ ಉಳಿದಿದ್ದರಿಂದ, ಒಕ್ಕಲು ಮನೆ ಮತ್ತು ದಲಿತ ಕೂಲಿ ಮನೆಗಳ ನಡುವಿನ ವಂಶಪಾರಂಪರ್ಯದ ಆಳು-ಒಡೆಯ ಸಂಬಂಧವೂ ಉಳಿದುಕೊಂಡಿತು. ದಲೇನದವರು ನೀರಿಲ್ಲದ ಕಾರಣಕ್ಕೆ ಮಂಡ್ಯಕ್ಕೆ ಕೆಲಸಕ್ಕೆ ಹೋದರು, ವ್ಯಾಪಾರಕ್ಕೆ ಇಳಿದರು, ಪಕ್ಕದೂರಿನಲ್ಲಿ ಜಮೀನು ಕೊಂಡರು. ಹಳೇ ಸಂಬಂಧ ಸಡಿಲವಾಗಿದ್ದು ಅಲ್ಲಿ.

ಇದನ್ನು ಹೇಳಿದ್ದು ಯಾಕೆಂದರೆ, ಉತ್ತರ ಮೊದಲೇ ಗೊತ್ತು ಅಂದುಕೊಂಡು ಹಳ್ಳಿಗೆ ಹೋಗಬೇಡಿ. ನೀರು ಬಂದರೆ ಸಮಾನತೆ ಬರುತ್ತೆ ಅನ್ನುವುದೂ ಪೂರ್ತಿ ನಿಜವಲ್ಲ. ನೀರು ಬಂದರೆ ದಲಿತರಿಗೆ ಏನೂ ಸಿಗಲಿಲ್ಲ ಅನ್ನುವುದೂ ಪೂರ್ತಿ ನಿಜವಲ್ಲ.

ಒಂದೇ ನಿಯಮ ಎಲ್ಲರಿಗೂ ಅನ್ವಯಿಸಿದರೂ ಫಲ ಬೇರೆ ಬೇರೆ ಯಾಕೆ? ನನ್ನ ಅನುಭವದಲ್ಲಿ ಇದಕ್ಕೆ ದೊಡ್ಡ ಕಾರಣ ಯಾರದೋ ಕೆಟ್ಟತನ ಅಲ್ಲ. ಹಣ, ನೀರು, ಸಾಲ ಇವು ಕಾಗದದ ಮೇಲಿರುವ ಹೆಸರನ್ನು ಹುಡುಕಿಕೊಂಡು ಹೋಗುತ್ತವೆ. ಯಾವ ಕಾಗದ ಅನ್ನುವುದರ ಮೇಲೆ ಯಾರಿಗೆ ತಲುಪುತ್ತೆ ಅನ್ನುವುದು ತೀರ್ಮಾನವಾಗುತ್ತೆ.

ನಮ್ಮ ಕಡೆ ಒಂದು ಮನೆಗೆ ಹೋಗಿ ಮೂರು ಕಾಗದ ಕೇಳಿ ನೋಡಿ. ಪಹಣಿ, ರೇಷನ್ ಕಾರ್ಡ್, ಮಹಿಳಾ ಸಂಘದ ಸಾಲದ ಪುಸ್ತಕ. ಪಹಣಿಯಲ್ಲಿ ಬಹುತೇಕ ಅಪ್ಪನ ಹೆಸರು, ಇಲ್ಲ ತಾತನ ಹೆಸರು. 2015-16ರ ಕೃಷಿ ಗಣತಿ ಪ್ರಕಾರ ದೇಶದ ಹಿಡುವಳಿಗಳಲ್ಲಿ ಹೆಂಗಸರು ನಡೆಸುವುದು ಸುಮಾರು 14% ಮಾತ್ರ. ರೇಷನ್ ಕಾರ್ಡ್‌ನಲ್ಲಿ ಯಜಮಾನಿ ಅಂತ ಅಮ್ಮನ ಹೆಸರು, ಏಕೆಂದರೆ 2013ರ ಆಹಾರ ಭದ್ರತಾ ಕಾಯ್ದೆಯೇ ಹಾಗೆ ಹೇಳುತ್ತೆ. ಸಂಘದ ಸಾಲದ ಪುಸ್ತಕದಲ್ಲೂ ಅಮ್ಮನ ಹೆಸರೇ. ಈಗ ಯೋಜನೆಗಳನ್ನು ಇಟ್ಟು ನೋಡಿ. ಪಿಎಂ ಕಿಸಾನ್‌ನ ವರ್ಷಕ್ಕೆ 6,000 ರೂಪಾಯಿ ಪಹಣಿ ಹಿಡಿದು ಹೋಗುತ್ತೆ. 2023ರ ಆಗಸ್ಟ್ 30ರಂದು ಮೈಸೂರಿನಲ್ಲೇ ಚಾಲನೆ ಪಡೆದ ಗೃಹಲಕ್ಷ್ಮಿಯ ತಿಂಗಳಿಗೆ 2,000 ರೂಪಾಯಿ ರೇಷನ್ ಕಾರ್ಡ್ ಹಿಡಿದು ಹೋಗುತ್ತೆ. ಹೆಂಗಸಿಗೆ ಜಮೀನಿನ ಅಡಮಾನ ಇಟ್ಟು ಬ್ಯಾಂಕಿನ ಕಡಿಮೆ ಬಡ್ಡಿ ಸಾಲ ತೆಗೆಯಲು ಹೆಸರಿಲ್ಲ. ಹಾಗಾಗಿ ವಾರದ ಕಂತಿನ ಮೈಕ್ರೋ ಫೈನಾನ್ಸ್ ಸಾಲ ಅವಳ ತಲೆಗೆ. 2025ರಲ್ಲಿ ಕಿರುಸಾಲ ವಸೂಲಿ ಕಿರುಕುಳ ತಡೆಯಲು ರಾಜ್ಯ ಸರ್ಕಾರ ಸುಗ್ರೀವಾಜ್ಞೆ ತರಬೇಕಾಯಿತು. ಮನೆ ಬಾಗಿಲಿಗೆ ಬಂದು ಕೂಗಾಡಿದವರ ಮುಂದೆ ನಿಂತವರು ಹೆಚ್ಚಾಗಿ ಹೆಂಗಸರು. ಆಸ್ತಿ ಗಂಡಸರ ಹೆಸರಲ್ಲಿ, ಸಾಲ ಹೆಂಗಸರ ಹೆಸರಲ್ಲಿ. ಈ ಒಂದು ಸಾಲಿನ ಮೇಲೇ ಪಿಎಚ್.ಡಿ. ಮಾಡಬಹುದು.

ಹಾಗಾದರೆ ಕಾನೂನು ಇಲ್ಲವಾ? ಇದೆ. ಪಿತ್ರಾರ್ಜಿತ ಆಸ್ತಿಯಲ್ಲಿ ಹೆಣ್ಣುಮಕ್ಕಳಿಗೆ ಸಮಪಾಲನ್ನು ಕರ್ನಾಟಕ 1994ರಲ್ಲೇ ಕೊಟ್ಟಿತು, ಕೇಂದ್ರ 2005ರಲ್ಲಿ. ಆದರೆ ಹಕ್ಕು ಬಿಡುಗಡೆ ಪತ್ರಕ್ಕೆ ಅಕ್ಕತಂಗಿಯರು ಸಹಿ ಹಾಕುವುದನ್ನು ನೀವೂ ನೋಡಿರುತ್ತೀರಿ. ಯಾಕಮ್ಮ ಬಿಟ್ಟುಕೊಟ್ಟಿರಿ ಅಂತ ಕೇಳಿದರೆ, "ತವರಿನ ಬಾಗಿಲು ಮುಚ್ಚಿಹೋಗಬಾರದು ಸಾರ್, ಹಬ್ಬಕ್ಕೆ ಕರೆಯೋರು ಬೇಕಲ್ಲ" ಅನ್ನುತ್ತಾರೆ. ಇದು ಪೆದ್ದತನ ಅಲ್ಲ. ಗಂಡನ ಮನೆಯಲ್ಲಿ ಏನಾದರೂ ಆದರೆ ಹೋಗಲು ಒಂದು ಜಾಗ ಬೇಕು ಎಂಬ ವಿಮೆ ಅದು. ವಿಮೆಯ ಕಂತಾಗಿ ಅವರು ಕಟ್ಟಿದ್ದು ಇಪ್ಪತ್ತು ಗುಂಟೆ ಗದ್ದೆ. ಕಂತು ಅಷ್ಟು ದುಬಾರಿ ಯಾಕಾಯಿತು ಎಂದು ಕೇಳುವುದೇ ಅರ್ಥಶಾಸ್ತ್ರ.

ಇನ್ನು ಗೇಣಿ. ದೇವರಾಜ ಅರಸು ಅವರ ಕಾಲದ 1974ರ ಭೂಸುಧಾರಣಾ ತಿದ್ದುಪಡಿ ದೊಡ್ಡ ಹೆಜ್ಜೆ. ಉಳುವವನೇ ಒಡೆಯನಾದ. ಆದರೆ ಅದು ಗೇಣಿದಾರನಿಗೆ ಭೂಮಿ ಕೊಟ್ಟಿತು, ಕೂಲಿಯವನಿಗಲ್ಲ. ಕರಾವಳಿಯಲ್ಲಿ ಗೇಣಿ ಜಾಸ್ತಿ ಇತ್ತು, ಬದಲಾವಣೆಯೂ ದೊಡ್ಡದಾಯಿತು. ನಮ್ಮ ಕಡೆ ಸ್ವಂತ ಬೇಸಾಯವೇ ಹೆಚ್ಚು. ದಲಿತರಲ್ಲಿ ಬಹಳ ಮಂದಿ ಗೇಣಿದಾರರೇ ಆಗಿರಲಿಲ್ಲ, ಕೂಲಿಯಾಳುಗಳಾಗಿದ್ದರು. ಅವರ ಹೆಸರು ಯಾವ ಅರ್ಜಿಯಲ್ಲೂ ಇರಲಿಲ್ಲ. ಇನ್ನೊಂದು ಮಾತು. ಅಂದಿನಿಂದ ಗೇಣಿ ಕೊಡುವುದೇ ಕಾನೂನಿನ ಪ್ರಕಾರ ನಿಷಿದ್ಧ, ಸೈನಿಕರಂಥ ಕೆಲವರನ್ನು ಬಿಟ್ಟರೆ. ಆದರೆ ವಾರಕ್ಕೆ (ಬೆಳೆಯ ಪಾಲಿಗೆ), ಗುತ್ತಿಗೆಗೆ ಮಾಡುವುದು ನಿಂತಿದೆಯಾ? ಬಾಯಿ ಮಾತಿನಲ್ಲಿ ನಡೆಯುತ್ತಲೇ ಇದೆ.

ಮಳವಳ್ಳಿ ಕಡೆ ನಾಲೆಯ ಕೊನೆ ಭಾಗದಲ್ಲಿ ಒಬ್ಬರನ್ನು ಭೇಟಿಯಾಗಿದ್ದೆ. ಎರಡು ಎಕರೆ ಗುತ್ತಿಗೆಗೆ ಹಿಡಿದು ಭತ್ತ ಹಾಕಿದ್ದರು. ಬೀಜ, ಗೊಬ್ಬರ, ಟ್ರ್ಯಾಕ್ಟರ್ ಬಾಡಿಗೆ ಎಲ್ಲ ಅವರದ್ದೇ. ಆ ವರ್ಷ ಸರದಿ ಮೇಲೆ ಬಿಡುವ ಕಟ್ಟು ನೀರು ಕೊನೆವರೆಗೆ ಬರಲಿಲ್ಲ, ಪೈರು ಒಣಗಿತು. ಬೆಳೆ ಪರಿಹಾರ ಬಂತು, ನೇರವಾಗಿ ಬ್ಯಾಂಕ್ ಖಾತೆಗೆ. ಯಾರ ಖಾತೆಗೆ? 9ನೇ ಕಾಲಂನಲ್ಲಿದ್ದವರ ಖಾತೆಗೆ. ಅವರಿದ್ದದ್ದು ಮೈಸೂರಿನ ಒಂದು ಬಡಾವಣೆಯಲ್ಲಿ. ಅಧಿಕಾರಿ ತಪ್ಪು ಮಾಡಲಿಲ್ಲ, ಜಮೀನಿನವರು ಮೋಸ ಮಾಡಲಿಲ್ಲ, ಕಂಪ್ಯೂಟರ್ ಕೆಡಲಿಲ್ಲ. ಎಲ್ಲವೂ ಸರಿಯಾಗಿಯೇ ನಡೆಯಿತು. ನಷ್ಟ ಆದವನಿಗೆ ಮಾತ್ರ ಒಂದು ರೂಪಾಯಿ ಸಿಗಲಿಲ್ಲ. ಅವರ ಮುಖ ನನಗೆ ಇನ್ನೂ ನೆನಪಿದೆ.

ಹಾಗಂತ ಎಲ್ಲವನ್ನೂ ಜಾತಿಯಿಂದಲೇ ವಿವರಿಸಲು ಹೊರಟರೆ ನೀವು ಎಡವುತ್ತೀರಿ. 2015ರಲ್ಲಿ ಮಂಡ್ಯದ ಕಬ್ಬು ಬೆಳೆಗಾರರು ಒಬ್ಬರ ಹಿಂದೊಬ್ಬರು ಜೀವ ಕಳೆದುಕೊಂಡಾಗ, ಅವರಲ್ಲಿ ಜಮೀನಿದ್ದ ಸಮುದಾಯದ ಸಣ್ಣ ರೈತರೂ ಇದ್ದರು. ಪಹಣಿಯಲ್ಲಿ ಹೆಸರಿತ್ತು, 11ನೇ ಕಾಲಂ ತುಂಬ ಸಾಲವೂ ಇತ್ತು. ಆಲೆಮನೆಗಳಲ್ಲಿ ಬೆಂಕಿ ಮುಂದೆ ನಿಂತಿರುವ ಉತ್ತರ ಭಾರತದ ಹುಡುಗರ ಹೆಸರು ನಮ್ಮ ಯಾವ ಪಟ್ಟಿಯಲ್ಲೂ ಇಲ್ಲ. ದಲಿತರೊಳಗೂ ಎಲ್ಲರ ಸ್ಥಿತಿ ಒಂದೇ ಅಲ್ಲ. ನಿಮ್ಮ ಕನ್ನಡಕ ಇವರೆಲ್ಲರನ್ನೂ ಕಾಣಿಸಬೇಕು. ಒಬ್ಬರನ್ನು ತೋರಿಸಿ ಇನ್ನೊಬ್ಬರನ್ನು ಮರೆಸುವ ಹಾಗಿದ್ದರೆ ಗಾಜು ಬದಲಿಸಿ.

ಈಗ ನಿಮ್ಮ ಮೂರನೇ ಭಯ, ಪಕ್ಷಪಾತದ ಮಾತು. ಅನ್ನುವವರು ಅನ್ನುತ್ತಾರೆ. ನೂರು ಎಕರೆ ಮನೆತನದ ಹುಡುಗ ಸಬ್ಸಿಡಿ ಬಗ್ಗೆ ಬರೆದರೆ ಈ ಪ್ರಶ್ನೆ ಯಾರೂ ಕೇಳುವುದಿಲ್ಲ. ನಿಮ್ಮನ್ನು ಕೇಳುತ್ತಾರೆ. ಅದು ಅನ್ಯಾಯ, ಆದರೂ ಉತ್ತರ ನಿಮ್ಮ ಕೈಲಿರಲಿ. ಆ ಉತ್ತರದ ಹೆಸರು ವಿಧಾನ. ಸುಖದೇವ್ ಥೋರಟ್ ಮತ್ತು ಪಾಲ್ ಅಟ್ವೆಲ್ 2007ರಲ್ಲಿ ಪ್ರಕಟಿಸಿದ ಒಂದು ಅಧ್ಯಯನ ನೋಡಿ. ಪತ್ರಿಕೆಗಳಲ್ಲಿ ಬಂದ ಖಾಸಗಿ ಕಂಪನಿಗಳ ಜಾಹೀರಾತುಗಳಿಗೆ ಅರ್ಜಿ ಕಳಿಸಿದರು. ಓದು ಒಂದೇ, ಅನುಭವ ಒಂದೇ. ಬದಲಾಗಿದ್ದು ಹೆಸರು ಮಾತ್ರ, ಮೇಲ್ಜಾತಿಯ ಹೆಸರು, ದಲಿತ ಹೆಸರು, ಮುಸ್ಲಿಂ ಹೆಸರು. ದಲಿತ ಮತ್ತು ಮುಸ್ಲಿಂ ಹೆಸರಿನ ಅರ್ಜಿಗಳಿಗೆ ಕರೆ ಕಡಿಮೆ ಬಂತು. ಬೇರೆಲ್ಲ ಸಮ ಇಟ್ಟು ಒಂದನ್ನು ಮಾತ್ರ ಬದಲಿಸಿದಾಗ ಬರುವ ವ್ಯತ್ಯಾಸವನ್ನು ಯಾರೂ ಪಕ್ಷಪಾತ ಎಂದು ತಳ್ಳಿಹಾಕಲು ಆಗುವುದಿಲ್ಲ. ಕೂಲಿಯ ವ್ಯತ್ಯಾಸಕ್ಕೂ ಇಂಥ ಲೆಕ್ಕ ಇದೆ. ವಯಸ್ಸು, ಓದು, ಕೆಲಸದ ಬಗೆ ಇವು ವಿವರಿಸುವ ಭಾಗ ಎಷ್ಟು, ಯಾವುದೂ ವಿವರಿಸದೆ ಉಳಿಯುವ ಭಾಗ ಎಷ್ಟು ಎಂದು ಬೇರ್ಪಡಿಸುವ ಬ್ಲೈಂಡರ್-ಒಹಾಕಾ ವಿಧಾನ 1973ರಿಂದ ಬಳಕೆಯಲ್ಲಿದೆ. ಅದನ್ನು ಕಲಿಯಿರಿ. ಆದರೆ ಉಳಿದ ಭಾಗವೆಲ್ಲ ತಾರತಮ್ಯವೇ ಎಂದು ಬರೆಯಬೇಡಿ. ನಾವು ಅಳೆಯದೇ ಬಿಟ್ಟಿದ್ದೂ ಅದರಲ್ಲೇ ಸೇರಿರುತ್ತೆ.

ಒಂದು ಅಭ್ಯಾಸ ಮಾಡಿಕೊಳ್ಳಿ. ಊರಿಗೆ ಹೋಗುವ ಮೊದಲೇ, ಏನು ಕಂಡರೆ ನನ್ನ ಊಹೆ ತಪ್ಪು ಎಂದು ಒಪ್ಪಿಕೊಳ್ಳುತ್ತೇನೆ ಅಂತ ಒಂದು ಹಾಳೆಯಲ್ಲಿ ಬರೆದು ನಿಮ್ಮ ಗೈಡ್‌ಗೆ ಕೊಟ್ಟುಬಿಡಿ.

ಹೇಗೆ ಮಾಡೋದು ಅನ್ನುವುದಕ್ಕೆ ನಿಮಗೆ ಮೂರು ದಾರಿ ಇವೆ. ಸರ್ಕಾರದ ಸರ್ವೆ ದತ್ತಾಂಶ ಒಂದು. ಕಾರ್ಮಿಕ ಬಲದ ಸರ್ವೆ 2017-18ರಿಂದ ನಡೆಯುತ್ತಿದೆ, ಮನೆವಾರು ದತ್ತಾಂಶ ಉಚಿತವಾಗಿ ಸಿಗುತ್ತೆ. ತೊಂದರೆ ಏನೆಂದರೆ, ಅದರಲ್ಲಿ ಸಾಮಾಜಿಕ ಗುಂಪು ನಾಲ್ಕೇ. ನಮ್ಮ ರಾಜ್ಯದ ಪಟ್ಟಿಯಲ್ಲಿ ಕುರುಬರು 2ಎ, ಒಕ್ಕಲಿಗರು 3ಎ, ಹೀಗೆ ಹಿಂದುಳಿದವರಲ್ಲೇ ಐದು ಪಂಗಡ. ಆ ಬಣ್ಣಗಳೆಲ್ಲ ಅಲ್ಲಿ ಕಲಸಿಹೋಗುತ್ತವೆ. ಒಂದು ಜಿಲ್ಲೆಗೆ ಇಳಿದರೆ ಮಾದರಿಯೂ ಚಿಕ್ಕದು. ಬಜೆಟ್ ವಿಶ್ಲೇಷಣೆ ಇನ್ನೊಂದು ದಾರಿ. ಜನಸಂಖ್ಯೆಯ ಪಾಲಿಗೆ ತಕ್ಕಂತೆ, ಅಂದರೆ 2011ರ ಜನಗಣತಿಯ ಲೆಕ್ಕದಲ್ಲಿ 24.1%, ಯೋಜನಾ ಹಣವನ್ನು ಪರಿಶಿಷ್ಟ ಜಾತಿ ಮತ್ತು ಪಂಗಡಗಳಿಗೆ ಮೀಸಲಿಡಬೇಕು ಎಂದು ಕರ್ನಾಟಕ 2013ರಲ್ಲಿ ಕಾಯ್ದೆ ಮಾಡಿತು. ಎಲ್ಲರೂ ಬಳಸುವ ರಸ್ತೆ, ಕಟ್ಟಡದ ಖರ್ಚನ್ನೂ ಇದರ ಲೆಕ್ಕಕ್ಕೆ ಸೇರಿಸಲು ದಾರಿಯಾಗಿದ್ದ 7(ಡಿ) ಸೆಕ್ಷನ್ ಅನ್ನು 2023ರಲ್ಲಿ ತೆಗೆದರು. ಗ್ಯಾರಂಟಿ ಯೋಜನೆಗಳಿಗೆ ಈ ಹಣ ಬಳಸಿದ್ದು ಸರಿಯೇ ಎಂಬ ಚರ್ಚೆಯೂ ನಡೆದಿದೆ. ಒಳ್ಳೇ ವಿಷಯ. ಆದರೆ ಬಜೆಟ್ ಪುಸ್ತಕ ಇಟ್ಟ ಹಣ ಹೇಳುತ್ತೆ, ಹೆಚ್ಚೆಂದರೆ ಖರ್ಚಾದ ಹಣ ಹೇಳುತ್ತೆ. ನಿಮ್ಮ ಕೇರಿಗೆ ಬಂತಾ ಅನ್ನುವುದನ್ನು ಹೇಳಲ್ಲ.

ಉಳಿದದ್ದು ಹಳ್ಳಿ ಅಧ್ಯಯನ. ನಿಮ್ಮ ಪ್ರಶ್ನೆಗೆ ಇದೇ ಸರಿಹೊಂದುತ್ತೆ ಅನ್ನುವುದು ನನ್ನ ಅಭಿಪ್ರಾಯ. ಅಪಾಯವೂ ಇದರಲ್ಲೇ ಹೆಚ್ಚು, ಅಣ್ಣನ ಆತಂಕವನ್ನು ಲಘುವಾಗಿ ತೆಗೆದುಕೊಳ್ಳಬೇಡಿ. ನಿಮ್ಮ ಸ್ವಂತ ಊರು ಬೇಡ. ಅದೇ ನಾಲೆಯ ಮೇಲಿರುವ, ನಿಮ್ಮನ್ನು ಯಾರ ಮಗಳು ಎಂದು ಗುರುತಿಸದ ಇನ್ನೊಂದು ಊರು ಆರಿಸಿಕೊಳ್ಳಿ. ಅಲ್ಲೂ ಮೊದಲ ದಿನವೇ "ಯಾವ ಜನ?" ಅಂತ ಕೇಳುತ್ತಾರೆ. ಸುಳ್ಳು ಹೇಳಬೇಡಿ, ನಾಳೆ ಗೊತ್ತಾದರೆ ಅಧ್ಯಯನವೇ ನಿಲ್ಲುತ್ತೆ. ಬೇರೆ ಸಮುದಾಯದ ಒಬ್ಬ ಸಹಪಾಠಿಯನ್ನು ಜೊತೆಗೆ ಸೇರಿಸಿಕೊಳ್ಳಿ. ಕೇರಿಯಲ್ಲಿ ನಿಮ್ಮ ಮುಂದೆ ಬಾಯಿ ಬಿಡುವವರು ಆಕೆಯ ಮುಂದೆ ಬಿಡದಿರಬಹುದು, ದೊಡ್ಡ ಮನೆಯ ಜಗಲಿಯಲ್ಲಿ ಅದೇ ಉಲ್ಟಾ. ಜಾತಿಯ ಪ್ರಶ್ನೆ ಫಾರಂನ ಕೊನೆಗಿರಲಿ. ಹೆಸರು, ಸರ್ವೆ ನಂಬರ್ ಪ್ರಬಂಧದಲ್ಲಿ ಎಲ್ಲೂ ಬರದಿರಲಿ.

ಪ್ರಶ್ನೆ ಕೇಳುವ ಬಗೆಯೂ ಮುಖ್ಯ. ಒಮ್ಮೆ ಮದ್ದೂರಿನ ಆಚೆ ಒಂದು ಮನೆ. ಗಂಡ "ಬೇಸಾಯ" ಅಂದರು. ನಿಮ್ಮ ಮನೆಯವರು? "ಅವಳು ಮನೇಲೇ ಇರ್ತಾಳೆ." ಆಕೆಯೂ "ಹ್ಞೂಂ, ಮನೇಲೇ" ಅಂದರು. ಆಕೆಯ ಸೀರೆಯ ಅಂಚಿಗೆ ಗದ್ದೆಯ ಕೆಸರು ಇನ್ನೂ ಹಸಿಯಾಗಿತ್ತು, ಬೆರಳುಗಳಿಗೆ ಹಿಪ್ಪುನೇರಳೆ ಸೊಪ್ಪಿನ ಕಲೆ. ನನ್ನ ವಿದ್ಯಾರ್ಥಿನಿ ಫಾರಂ ಮಡಚಿಟ್ಟು, "ನಿನ್ನೆ ಎದ್ದಿದ್ದು ಎಷ್ಟೊತ್ತಿಗೆ ಅಕ್ಕ?" ಅಂತ ಕೇಳಿದಳು. ಐದಕ್ಕೆ ಎದ್ದು ಕಸ ತೆಗೆದು, ಹಾಲು ಕರೆದು ಡೇರಿಗೆ ಹಾಕಿ, ಹುಳುವಿಗೆ ಸೊಪ್ಪು ಕೊಯ್ದು, ಅಡುಗೆ ಮಾಡಿ, ಕಳೆ ತೆಗೆಯಲು ಹೋಗಿ... ಹಾಳೆ ತುಂಬಿತು. 2019ರ ದೇಶದ ಸಮಯ ಬಳಕೆ ಸರ್ವೆ ಪ್ರಕಾರ ಸಂಬಳವಿಲ್ಲದ ಮನೆಗೆಲಸ ಮಾಡುವ ಹೆಂಗಸರು ದಿನಕ್ಕೆ ಅದಕ್ಕೇ 299 ನಿಮಿಷ ಕೊಡುತ್ತಾರೆ, ಮಾಡುವ ಗಂಡಸರು 97 ನಿಮಿಷ. "ಏನು ಕೆಲಸ ಮಾಡ್ತೀರ" ಎಂದು ಕೇಳಿದ್ದರೆ ನಮ್ಮ ಫಾರಂನಲ್ಲಿ ಆಕೆ ನಿರುದ್ಯೋಗಿಯೂ ಅಲ್ಲ, ಉದ್ಯೋಗಿಯೂ ಅಲ್ಲ, ಏನೂ ಅಲ್ಲ.

ಕೆಲಸದ ಬಗ್ಗೆ ನೇರವಾಗಿ ಹೇಳುತ್ತೇನೆ. ವಿಷಯ ನೋಡಿ ಯಾರೂ ಕೆಲಸ ಕೊಡುವುದಿಲ್ಲ, ಕೈಚಳಕ ನೋಡಿ ಕೊಡುತ್ತಾರೆ. ದತ್ತಾಂಶ ಶುಚಿಗೊಳಿಸಲು, ಇಕನಾಮೆಟ್ರಿಕ್ಸ್ ಮಾಡಲು, ಕನ್ನಡದಲ್ಲೂ ಇಂಗ್ಲಿಷಿನಲ್ಲೂ ವರದಿ ಬರೆಯಲು ಬಂದರೆ ಮೈಸೂರಿನ ಅಬ್ದುಲ್ ನಜೀರ್ ಸಾಬ್ ಗ್ರಾಮೀಣಾಭಿವೃದ್ಧಿ ಸಂಸ್ಥೆಯಂಥ ಕಡೆ, ಬೆಂಗಳೂರಿನ ಐಸೆಕ್‌ನಂಥ ಸಂಶೋಧನಾ ಸಂಸ್ಥೆಗಳಲ್ಲಿ, ಸ್ವಯಂಸೇವಾ ಸಂಸ್ಥೆಗಳಲ್ಲಿ ಯೋಜನಾ ಕೆಲಸಗಳು ಬರುತ್ತಿರುತ್ತವೆ. ಅವು ಹೆಚ್ಚಾಗಿ ತಾತ್ಕಾಲಿಕ, ಅದು ಗೊತ್ತಿರಲಿ. ಪಾಠ ಮಾಡುವ ಆಸೆ ಇದ್ದರೆ ಅಧ್ಯಾಪಕರ ಅರ್ಹತಾ ಪರೀಕ್ಷೆಗಳಾದ ನೆಟ್, ಕೆ-ಸೆಟ್ ಬಿಡಬೇಡಿ. ನೆಟ್ ಆದರೆ ಪಿಎಚ್.ಡಿ.ಗೆ ಫೆಲೋಶಿಪ್ ದಾರಿ ತೆರೆಯುತ್ತೆ. ಭಾರತೀಯ ಆರ್ಥಿಕ ಸೇವೆಯ ಪರೀಕ್ಷೆಯೂ ಇದೆ. ಗಣಿತ ಕಷ್ಟ ಅಂತ ಈ ವಿಷಯ ಆರಿಸಿಕೊಂಡಿದ್ದರೆ ಮಾತ್ರ ದಯವಿಟ್ಟು ಮತ್ತೊಮ್ಮೆ ಯೋಚಿಸಿ. ಇಲ್ಲಿ ಗಣಿತ ಇನ್ನೂ ಗಟ್ಟಿಯಾಗಿರಬೇಕು, ಏಕೆಂದರೆ ನಿಮ್ಮ ಲೆಕ್ಕವನ್ನು ಬೇರೆಯವರ ಲೆಕ್ಕಕ್ಕಿಂತ ಹೆಚ್ಚು ಸಲ ತಿರುವಿ ನೋಡುತ್ತಾರೆ.

ಪ್ರಬಂಧ ಚಿಕ್ಕದಿರಲಿ. ಒಂದು ಉಪನಾಲೆ, ಮೇಲ್ಭಾಗದ ಮೂರು ತೂಬು, ಕೊನೆಯ ಮೂರು ತೂಬು, ಒಟ್ಟು ಅರವತ್ತು ಮನೆ ಸಾಕು. ಪ್ರತಿ ತೂಬಿನ ಕೆಳಗಿನ ಜಮೀನಿನ ಪಹಣಿ ಭೂಮಿ ವೆಬ್‌ಸೈಟ್‌ನಲ್ಲಿ ನೋಡಬಹುದು. 9ನೇ ಕಾಲಂನಲ್ಲಿ ಯಾರು, ನಿಜವಾಗಿ ಗದ್ದೆಗೆ ಇಳಿದವರು ಯಾರು, ಪರಿಹಾರ ಬಂದ ಖಾತೆ ಯಾರದು, ಸಂಘದ ಸಾಲ ಕಟ್ಟುತ್ತಿರುವವರು ಯಾರು, ಈ ನಾಲ್ಕು ಹೆಸರನ್ನು ಒಂದೇ ಸಾಲಿನಲ್ಲಿ ಬರೆದುಕೊಳ್ಳುತ್ತಾ ಹೋಗಿ. ಫಾರಂ ಸರಿ ಇದೆಯಾ ಅಂತ ಪರೀಕ್ಷಿಸಲು ಈ ಭಾನುವಾರ ನಿಮ್ಮ ಮನೆಯಲ್ಲೇ ಶುರು ಮಾಡಬಹುದು. ಅಣ್ಣನನ್ನೂ ಪಕ್ಕದಲ್ಲಿ ಕೂರಿಸಿಕೊಳ್ಳಿ. ಮೊದಲ ಸಾಲನ್ನು ಅಮ್ಮನನ್ನು ಕೇಳಿ ತುಂಬಿ.